ಪಿಎಸ್3: ಗೇಮಿನ ಅಪ್‌ಡೇಟ್ ಮಾತ್ರ ತೆಗೆಯಬೇಕು, ಅಣ್ಣನ ಸೇವ್ ಉಳಿಯಬೇಕು

ಸದಾಶಿವಗಡದವಳು:

ನಮಸ್ಕಾರ. ನಾನು ಕಾರವಾರದ ಸದಾಶಿವಗಡದವಳು. ನಮ್ಮನೆಯಲ್ಲೊಂದು ಪಿಎಸ್3, ಅಂದರೆ ಟಿವಿಗೆ ಜೋಡಿಸಿ ಆಡುವ ಪ್ಲೇಸ್ಟೇಷನ್ 3 ಗೇಮ್ ಮೆಷಿನ್ ಇದೆ, ಅದು ನನ್ನ ಅಣ್ಣನದು. ಅಣ್ಣ ಸರಕು ಹಡಗಿನ ಇಂಜಿನ್ ರೂಮಿನಲ್ಲಿ ಕೆಲಸ ಮಾಡ್ತಾನೆ. ಒಮ್ಮೆ ಹತ್ತಿದರೆ ತಿಂಗಳುಗಟ್ಟಲೆ ಈ ಕಡೆ ಮುಖ ಇಲ್ಲ. ರಜೆಗೆ ಬಂದಾಗ ಬೆಳಿಗ್ಗೆ ಮೀನು ತರುವುದು, ಮಧ್ಯಾಹ್ನ ಒಂದು ನಿದ್ದೆ, ರಾತ್ರಿ ಊಟ ಮುಗಿಸಿ ಕಾರ್ ರೇಸ್ ಗೇಮ್. ಎಷ್ಟೋ ಡಿಸ್ಕ್‌ಗಳಿದ್ದರೂ ಅವನು ಆಡುವುದು ಅದೊಂದನ್ನೇ. ಅದರಲ್ಲಿ ವರ್ಷವಿಡೀ ಓಡುವ ಸೀಸನ್ ಇರ್ತದಲ್ಲ, ಅದನ್ನು ಅವನು ಶುರುಮಾಡಿದ್ದು 2024ರ ಆಗಸ್ಟ್‌ನಲ್ಲಿ. ಹಳೇ ಕಾಳಿ ಸೇತುವೆ ಕುಸಿದು ಬಿದ್ದ ಸಮಯ ಅದು, ಕಾರವಾರ ಪೇಟೆಗೆ ಹೋಗಿ ಬರುವುದೇ ತಾಪತ್ರಯವಾಗಿ ಮನೆಯಲ್ಲೇ ಕೂತಿದ್ದ. ಆ ಸೀಸನ್ ಇನ್ನೂ ಮುಗಿದಿಲ್ಲ. ಪ್ರತಿ ರಜೆಯಲ್ಲಿ ಸ್ವಲ್ಪ ಸ್ವಲ್ಪ ಆಡಿ ಇಟ್ಟು ಹೋಗ್ತಾನೆ.

ಬೇಸಿಗೆ ರಜೆಗೆ ಅಕ್ಕನ ಮಗ ಬಂದಿದ್ದ. ನನ್ನ ಮೊಬೈಲಿನ ಹಾಟ್‌ಸ್ಪಾಟ್ ಹಾಕಿಕೊಂಡು ಆಡುವಾಗ ‘ಈ ಗೇಮಿಗೆ ಅಪ್‌ಡೇಟ್ ಇದೆ’ ಅಂತ ಬಂತಂತೆ, ಹುಡುಗ ಹೌದು ಅಂತ ಒತ್ತಿದ. ಮೊನ್ನೆ ಅಣ್ಣ ಯಾವುದೋ ಬಂದರಿನಿಂದ ವೀಡಿಯೊ ಕರೆ ಮಾಡಿದಾಗ ಹಿಂದೆ ಟಿವಿಯಲ್ಲಿ ಗೇಮ್ ನಡೀತಿತ್ತು. ಅವನು ನೋಡಿದವನೇ, ‘ಶುರುವಿನ ಪರದೆಯೇ ಬೇರೆ ಆಗಿದೆಯಲ್ಲ, ಅಪ್‌ಡೇಟ್ ಹಾಕಿದ್ರಾ? ಕಾರು ತಿರುಗೋದೂ ಮೊದಲಿನಂತೆ ಇಲ್ಲ ನೋಡು. ಹಾಗಾದ್ರೆ ನನ್ನ ಸೀಸನ್ ಹೋಯ್ತು’ ಅಂದ. ಬೈಯಲಿಲ್ಲ. ಸುಮ್ಮನಾದ. ಬೈದಿದ್ದರೆ ನನಗೆ ಇಷ್ಟು ಬೇಜಾರಾಗ್ತಿರಲಿಲ್ಲ.

ಜೊತೆಗೆ ಇನ್ನೊಂದು ತೊಂದರೆ. ಹೊಸ ಡಿಸ್ಕ್ ಹಾಕಿದರೆ ಜಾಗ ಸಾಲದು ಅಂತ ಹೇಳ್ತದೆ. ನಮ್ಮದು 12 ಜಿಬಿಯ ಮೆಷಿನ್.

ಅಣ್ಣ ಚೌತಿಗೆ ಬರ್ತಾನೆ. ಅಷ್ಟರೊಳಗೆ ಆ ಅಪ್‌ಡೇಟ್ ಒಂದನ್ನೇ ತೆಗೆದು ಗೇಮನ್ನು ಮೊದಲಿನ ಹಾಗೆ ಮಾಡಲು ಬರ್ತದಾ? ಮಾಡಿದರೆ ಅವನ ಸೇವ್, ಅಂದರೆ ಅವನು ಅಲ್ಲಿಯವರೆಗೆ ಆಡಿ ಉಳಿಸಿಟ್ಟದ್ದು, ಹೋಗ್ತದಾ? ಗೊತ್ತಿದ್ದವರು ಒಂದೊಂದೇ ಹೆಜ್ಜೆ ಬಿಡಿಸಿ ಹೇಳಿ. ನಾನು ಬಟನ್ ಒತ್ತುವವಳೇ ಹೊರತು ಗೇಮಿನ ವಿಷಯ ಹೆಚ್ಚು ತಿಳಿದವಳಲ್ಲ.

ಕುಮಟಾ ಬಸ್‌ಸ್ಟ್ಯಾಂಡ್:

ಸೆಟ್ಟಿಂಗ್ಸ್‌ನಲ್ಲಿ ಸಿಸ್ಟಮ್ ರಿಸ್ಟೋರ್ ಅಂತ ಇದೆ ನೋಡಿ. ಅದನ್ನು ಮಾಡಿದರೆ ಎಲ್ಲ ಕ್ಲೀನ್ ಆಗಿ ಹೊಸದರ ಹಾಗೆ ಆಗ್ತದೆ. ಜಾಗವೂ ಸಿಗ್ತದೆ, ಅಪ್‌ಡೇಟೂ ಹೋಗ್ತದೆ.

ಹುಲೇಕಲ್ ತೋಟ:

ತಂಗೀ, ಮೇಲಿನವರು ಹೇಳಿದ್ದನ್ನು ದಯವಿಟ್ಟು ಮಾಡಬೇಡಿ. ಕುಮಟಾದವರು ಒಳ್ಳೆ ಮನಸ್ಸಿನಿಂದಲೇ ಹೇಳಿದ್ದಾರೆ, ಆದರೆ ಸಿಸ್ಟಮ್ ರಿಸ್ಟೋರ್ ಅಂದರೆ ಒಳಗಿದ್ದದ್ದೆಲ್ಲ ಅಳಿಸಿಹೋಗುವುದು. ಬಳಕೆದಾರರ ಖಾತೆಗಳು, ಸೇವ್‌ಗಳು, ಎಲ್ಲ. ನಿಮ್ಮ ಅಣ್ಣನ ಸೀಸನ್ ಅಂದೇ ಮುಗಿದಂತೆ. ನಿಮಗೆ ಬೇಕಾದದ್ದು ಬಹಳ ಸಣ್ಣ ಕೆಲಸ.

ನಾನು ಸಿರ್ಸಿ ಹತ್ತಿರ ಹುಲೇಕಲ್ ಕಡೆಯವನು. ಮನೆಯಲ್ಲಿ ಎರಡು ಪಿಎಸ್3 ಇವೆ, ಊರ ಹುಡುಗರು ಮಳೆಗಾಲದಲ್ಲಿ ಜಗಲಿಯಲ್ಲಿ ಕೂತು ಆಡ್ತಾರೆ. ಹಾಗಾಗಿ ಒಂದೇ ಮೆಷಿನ್ನಿನಲ್ಲಿ ಐದಾರು ಜನರ ಸೇವ್ ಕಾಪಾಡುವುದು ನನಗೆ ರೂಢಿ. ಸೇವ್ ಅಂದರೆ ಬರೀ ಫೈಲ್ ಅಂತ ನಾನು ತಿಳಿಯುವವನಲ್ಲ, ಒಬ್ಬ ಮನುಷ್ಯ ಕೂತು ಕಳೆದ ರಾತ್ರಿಗಳು ಅದರಲ್ಲಿರ್ತವೆ. ಅದಕ್ಕೇ ಸ್ವಲ್ಪ ಉದ್ದ ಬರೀತೇನೆ, ಪೂರ್ತಿ ಓದಿ.

ಮೊದಲು ಒಂದು ವಿಷಯ ತಲೆಯಲ್ಲಿ ಇಟ್ಟುಕೊಳ್ಳಿ. ಡಿಸ್ಕಿನ ಮೇಲೆ ಏನೂ ಬರೆದುಹೋಗುವುದಿಲ್ಲ. ಅಪ್‌ಡೇಟ್ ಹಾಕಿದರೂ ಬ್ಲೂ-ರೇ ಡಿಸ್ಕ್ ಕಾರ್ಖಾನೆಯಿಂದ ಬಂದ ಹಾಗೆಯೇ ಇರ್ತದೆ. ಪಂಚಾಂಗ ಅಚ್ಚಾದ ಮೇಲೆ ತಪ್ಪು ಕಂಡರೆ ಒಳಗೊಂದು ತಿದ್ದುಪಡಿ ಚೀಟಿ ಇಡ್ತಾರಲ್ಲ, ಅಪ್‌ಡೇಟೂ ಅಷ್ಟೇ. ಗೇಮ್ ಶುರುವಾಗುವಾಗ ಮೆಷಿನ್ ಮೊದಲು ಚೀಟಿ ಇದೆಯಾ ನೋಡ್ತದೆ, ಇದ್ದರೆ ಅದರಲ್ಲಿದ್ದ ಹಾಗೆ ನಡೀತದೆ. ಚೀಟಿ ತೆಗೆದರೆ ಅಚ್ಚಾದದ್ದೇ ಗತಿ.

ಆ ಚೀಟಿ ಇರುವ ಜಾಗಕ್ಕೆ ಪಿಎಸ್3ರಲ್ಲಿ ‘ಗೇಮ್ ಡೇಟಾ’ ಅಂತ ಹೆಸರು. ಸೇವ್ ಇರುವ ಜಾಗ ಬೇರೆ, ಅದು ‘ಸೇವ್ಡ್ ಡೇಟಾ’. ಮುಖ್ಯ ವ್ಯತ್ಯಾಸ ಕೇಳಿ: ಗೇಮ್ ಡೇಟಾ ಮೆಷಿನ್ನಿಗೆಲ್ಲ ಒಂದೇ, ಯಾರೇ ಲಾಗಿನ್ ಆದರೂ ಅದನ್ನೇ ಬಳಸ್ತಾರೆ. ಸೇವ್ ಹಾಗಲ್ಲ, ಒಬ್ಬೊಬ್ಬ ಬಳಕೆದಾರನಿಗೆ ಬೇರೆ ಬೇರೆ. ಆದ್ದರಿಂದ ನಿಮ್ಮ ಅಕ್ಕನ ಮಗ ತನ್ನ ಹೆಸರಿನಲ್ಲಿ ಕೂತು ಅಪ್‌ಡೇಟ್ ಹಾಕಿದರೂ ಅದು ಎಲ್ಲರಿಗೂ ಬಂತು. ಅಣ್ಣನ ಸೇವ್ ಮಾತ್ರ ಅಣ್ಣನ ಬಳಕೆದಾರನಲ್ಲಿ ಹಾಗೆಯೇ ಕೂತಿರ್ತದೆ. ಹುಡುಗ ಅಣ್ಣನ ಹೆಸರಿನಲ್ಲೇ ಆಡಿದ್ದರೆ ಬೇರೆ ಮಾತು. ಅದನ್ನು ಕೇಳಿ ತಿಳಿದುಕೊಳ್ಳಿ.

ಈಗ ಕೆಲಸ. ಅಳಿಸುವ ಮೊದಲು ಸೇವ್‌ಗಳ ಪ್ರತಿ ತೆಗೆಯಬೇಕು. ಒಂದು ಸಣ್ಣ ಪೆನ್‌ಡ್ರೈವ್ ಸಾಕು, 8 ಅಥವಾ 16 ಜಿಬಿಯದು. ಅದನ್ನು ಕಂಪ್ಯೂಟರಿನಲ್ಲಿ ಫ್ಯಾಟ್32 (ಪೆನ್‌ಡ್ರೈವಿನಲ್ಲಿ ಫೈಲ್ ಜೋಡಿಸಿಡುವ ಒಂದು ಬಗೆ) ಆಗಿ ಫಾರ್ಮ್ಯಾಟ್ ಮಾಡಿ. ಎನ್‌ಟಿಎಫ್‌ಎಸ್, ಎಕ್ಸ್‌ಫ್ಯಾಟ್ ಎರಡೂ ಪಿಎಸ್3ಗೆ ಓದಲು ಬರುವುದಿಲ್ಲ, ಪೆನ್‌ಡ್ರೈವ್ ಹಾಕಿದರೂ ಹಾಕದ ಹಾಗೇ ಇರ್ತದೆ. ದೊಡ್ಡ ಪೆನ್‌ಡ್ರೈವ್ ಯಾಕೆ ಬೇಡ ಅಂದರೆ, 32 ಜಿಬಿಗಿಂತ ಹೆಚ್ಚಿನದಕ್ಕೆ ವಿಂಡೋಸಿನ ಮಾಮೂಲು ಫಾರ್ಮ್ಯಾಟ್ ಕಿಟಕಿ ಫ್ಯಾಟ್32 ತೋರಿಸುವುದಿಲ್ಲ.

ಮೆಷಿನ್ ಹಾಕಿ ಎಡತುದಿಯ ‘ಯೂಸರ್ಸ್’ ಕಂಬದಲ್ಲಿ ಅಣ್ಣನ ಹೆಸರನ್ನೇ ಆರಿಸಿಕೊಳ್ಳಿ. ಬೇರೆಯವರ ಹೆಸರಿನಲ್ಲಿ ಹೋದರೆ ಅಣ್ಣನ ಸೇವ್ ಕಣ್ಣಿಗೇ ಬೀಳುವುದಿಲ್ಲ. ಆಮೇಲೆ ‘ಗೇಮ್’ ಕಂಬದಲ್ಲಿ ‘ಸೇವ್ಡ್ ಡೇಟಾ ಯುಟಿಲಿಟಿ’ ಒಳಗೆ ಹೋಗಿ ಆ ಗೇಮಿನ ಸೇವ್ ಮೇಲೆ ನಿಂತು ತ್ರಿಕೋನದ ಬಟನ್ ಒತ್ತಿ. ಬಲಗಡೆ ಪಟ್ಟಿ ಬರ್ತದೆ, ಅದರಲ್ಲಿ ‘ಕಾಪಿ’. ಕೆಲವು ಗೇಮಿನ ಸೇವ್‌ಗೆ ಕಾಪಿ ಮಾಡಲು ಬಿಡುವುದಿಲ್ಲ, ಗೇಮ್ ಮಾಡಿದವರೇ ಬೀಗ ಹಾಕಿರ್ತಾರೆ. ಹಾಗೆ ಕಂಡರೆ ಅಲ್ಲಿಗೇ ನಿಲ್ಲಿಸಿ ಇಲ್ಲಿ ಬರೆಯಿರಿ. ಅದಕ್ಕೆ ಬೇರೆ ದಾರಿ ಇದೆ: ‘ಸಿಸ್ಟಮ್ ಸೆಟ್ಟಿಂಗ್ಸ್’ ಒಳಗಿನ ‘ಬ್ಯಾಕಪ್ ಯುಟಿಲಿಟಿ’. ಅದು ಇಡೀ ಮೆಷಿನ್ನನ್ನೇ ಪ್ರತಿ ತೆಗೀತದೆ. ನಿಮ್ಮದು 12 ಜಿಬಿಯದಾದ್ದರಿಂದ ಒಂದು ಪೆನ್‌ಡ್ರೈವಿನಲ್ಲೇ ಹಿಡಿಸೀತು. ಆದರೆ ಆ ಪ್ರತಿಯನ್ನು ಮರಳಿ ಹಾಕುವಾಗ ಮೆಷಿನ್ನಿನಲ್ಲಿ ಆಗ ಇರುವುದೆಲ್ಲ ಅಳಿಸಿ ಹಳೆಯದು ಕೂರ್ತದೆ, ಅದು ನೆನಪಿರಲಿ.

ಹುಡುಗನ ಸೇವನ್ನೂ ಅವನ ಹೆಸರಿನಲ್ಲಿ ಲಾಗಿನ್ ಆಗಿ ಹೀಗೇ ತೆಗೆದಿಡಿ. ಅವನ ಆಟವೂ ಆಟವೇ. ಅವನದ್ದು ಹೊಸ ಆವೃತ್ತಿಯಲ್ಲಿ ಬರೆದ ಸೇವ್, ಅಪ್‌ಡೇಟ್ ತೆಗೆದ ಮೇಲೆ ಕೆಲವು ಗೇಮ್‌ಗಳು ಅಂಥ ಸೇವ್ ತೆರೆಯಲು ಒಪ್ಪುವುದಿಲ್ಲ. ಅಣ್ಣನದ್ದು ಹಳೆಯ ಆವೃತ್ತಿಯಲ್ಲೇ ಕೊನೆಗೆ ಬರೆದದ್ದಾದರೆ ಆ ಹೆದರಿಕೆ ಇಲ್ಲ.

ಎರಡನೆಯದು, ನೆಟ್ ಕಡಿಯುವುದು. ‘ಸೆಟ್ಟಿಂಗ್ಸ್’ನಲ್ಲಿ ‘ನೆಟ್‌ವರ್ಕ್ ಸೆಟ್ಟಿಂಗ್ಸ್’, ಅದರಲ್ಲಿ ‘ಇಂಟರ್ನೆಟ್ ಕನೆಕ್ಷನ್’ ಅನ್ನು ‘ಡಿಸೇಬಲ್ಡ್’ ಮಾಡಿ. ಇದನ್ನು ಮಾಡದೆ ಅಪ್‌ಡೇಟ್ ಅಳಿಸಿದರೆ ಮತ್ತೆ ಡಿಸ್ಕ್ ಹಾಕಿದ ಕೂಡಲೇ ಅದೇ ಪ್ರಶ್ನೆ ಬರ್ತದೆ, ಮತ್ತೆ ಯಾರೋ ಹೌದು ಅಂತಾರೆ. ಬೇಡ ಅಂದರೂ ಗೇಮ್ ಶುರುವಾಗ್ತದೆ, ಆನ್‌ಲೈನ್ ಆಟಕ್ಕೆ ಮಾತ್ರ ಬಿಡುವುದಿಲ್ಲ. ಆದರೆ ಮಕ್ಕಳಿರುವ ಮನೆಯಲ್ಲಿ ಆ ಪ್ರಶ್ನೆಯೇ ಬರದಂತೆ ಮಾಡುವುದು ಒಳ್ಳೆಯದು.

ಮೂರನೆಯದೇ ಅಳಿಸುವುದು. ‘ಗೇಮ್’ ಕಂಬದಲ್ಲಿ ‘ಗೇಮ್ ಡೇಟಾ ಯುಟಿಲಿಟಿ’. ಅಲ್ಲಿ ಗೇಮ್‌ಗಳ ಚಿತ್ರದ ಪಕ್ಕ ಗಾತ್ರ ಕಾಣ್ತದೆ. ನಿಮ್ಮ ಗೇಮಿನ ಮೇಲೆ ನಿಂತು ತ್ರಿಕೋನ, ಆಮೇಲೆ ‘ಡಿಲೀಟ್’. ಅಷ್ಟೇ.

ಆದರೆ ಇಲ್ಲೊಂದು ಮಾತು. ಪಿಎಸ್3ರಲ್ಲಿ ಬರೀ ಅಪ್‌ಡೇಟನ್ನು ಕೂದಲು ಬಿಡಿಸಿದ ಹಾಗೆ ಬೇರೆ ಮಾಡಲು ಆಗುವುದಿಲ್ಲ. ಎಷ್ಟೋ ಗೇಮ್‌ಗಳು ಡಿಸ್ಕಿನಿಂದಲೂ ಒಂದಷ್ಟು ಫೈಲ್ ಒಳಗೆ ಇಳಿಸಿಕೊಂಡಿರ್ತವೆ, ಅದೂ ಗೇಮ್ ಡೇಟಾದಲ್ಲೇ ಇರ್ತದೆ, ಹಲವು ಸಲ ಅಪ್‌ಡೇಟಿನ ಜೊತೆ ಒಂದೇ ಕಡತದಲ್ಲಿ. ಅಳಿಸಿದರೆ ಎರಡೂ ಹೋಗ್ತವೆ. ಅಡ್ಡಿಲ್ಲ, ಡಿಸ್ಕ್ ಹಾಕಿದಾಗ ಅದು ತನಗೆ ಬೇಕಾದ್ದನ್ನು ಮತ್ತೆ ಇಳಿಸಿಕೊಳ್ತದೆ, ಸ್ವಲ್ಪ ಹೊತ್ತು ಕಾಯಬೇಕು. ಹಾಗೆಯೇ ಅಪ್‌ಡೇಟ್ 1, 2, 3 ಅಂತ ಒಂದರ ಮೇಲೊಂದು ಬಂದಿದ್ದರೆ ಕೊನೆಯದನ್ನು ಮಾತ್ರ ತೆಗೆದು ನಡುವಿನ ಆವೃತ್ತಿಯಲ್ಲಿ ನಿಲ್ಲಲು ಬರುವುದಿಲ್ಲ. ಡಿಸ್ಕಿನ ಆವೃತ್ತಿ, ಇಲ್ಲವಾದರೆ ಎಲ್ಲಕ್ಕಿಂತ ಹೊಸದು, ಎರಡೇ ದಾರಿ.

ಇನ್ನೂ ಒಂದು. ಅಣ್ಣ ಆ ಗೇಮಿಗೆ ದುಡ್ಡು ಕೊಟ್ಟು ಹೆಚ್ಚಿನ ಕಾರುಗಳನ್ನೋ ಟ್ರ್ಯಾಕ್‌ಗಳನ್ನೋ ಪ್ಲೇಸ್ಟೇಷನ್ ಸ್ಟೋರಿನಿಂದ ತೆಗೆದುಕೊಂಡಿದ್ದಾನಾ, ಕೇಳಿ. ಅವೂ ಬಹಳ ಗೇಮ್‌ಗಳಲ್ಲಿ ಇದೇ ಗೇಮ್ ಡೇಟಾದೊಳಗೆ ಕೂತಿರ್ತವೆ. ಅಳಿಸಿದರೆ ಅವನ ಖಾತೆಯಿಂದ ಮತ್ತೆ ಇಳಿಸಬೇಕಾಗ್ತದೆ, ಅದಕ್ಕೆ ಅವನ ಪಾಸ್‌ವರ್ಡ್ ಬೇಕು. 2021ರ ಮಾರ್ಚ್‌ನಲ್ಲಿ ಸೋನಿ ಪಿಎಸ್3 ಸ್ಟೋರನ್ನು ಜುಲೈನಲ್ಲಿ ಮುಚ್ಚುತ್ತೇವೆ ಅಂತ ಹೇಳಿ, ಜನ ಕೇಳಿಕೊಂಡ ಮೇಲೆ ಏಪ್ರಿಲ್‌ನಲ್ಲಿ ಆ ನಿರ್ಧಾರ ಹಿಂತೆಗೆದುಕೊಂಡಿತು. ಇವತ್ತಿಗೆ ಮತ್ತೆ ಇಳಿಸಬಹುದು, ಎಂದೆಂದಿಗೂ ಇರ್ತದೆ ಅಂತ ನಂಬಿ ಏನನ್ನೂ ಅಳಿಸಬೇಡಿ. ಹಾಗೆ ಕೊಂಡದ್ದಿದ್ದರೆ ನಾನು ಹೇಳಿದ ಪೂರ್ತಿ ಬ್ಯಾಕಪ್ ಮೊದಲು ಮಾಡಿ.

ಕೊನೆಗೆ, ಅಣ್ಣನ ಡಿಸ್ಕ್ ಯಾವುದು, ಹುಡುಗ ಹಾಕಿ ಆಡಿದ ಡಿಸ್ಕ್ ಯಾವುದು ಅಂತ ಒಮ್ಮೆ ನೋಡಿ ಹೇಳಿ. ಡಬ್ಬಿಯ ಬೆನ್ನಿನ ಮೇಲೆ ಇಂಗ್ಲಿಷಿನ ನಾಲ್ಕು ಅಕ್ಷರ, ಅದರ ಮುಂದೆ ಐದು ಅಂಕಿ ಇರ್ತವೆ. ಅದನ್ನು ಬರೆದು ಕಳಿಸಿ. ನಿಮ್ಮ ಅಣ್ಣ ಬಂದರು ಬಂದರು ತಿರುಗುವವನು ಅಂದಿದ್ದಕ್ಕೆ ಇದನ್ನು ಕೇಳ್ತಿದ್ದೇನೆ. ಅಲ್ಲಿಯವರೆಗೆ ಡಿಲೀಟ್ ಒತ್ತಬೇಡಿ. ಗಾಳಿಮಳೆ ಜೋರಿರುವ ದಿನ ಈ ಕೆಲಸಕ್ಕೆ ಕೂರಲೂಬೇಡಿ. ಮರ ಬಿದ್ದು ನಡುವೆ ಕರೆಂಟ್ ಹೋದರೆ ಫೈಲ್ ಸಿಸ್ಟಮ್ ಕೆಡುವ ಸಂಭವ ಇದೆ.

ಸದಾಶಿವಗಡದವಳು:

ಹುಲೇಕಲ್ ಅಣ್ಣಾ, ಇಷ್ಟು ತಾಳ್ಮೆಯಿಂದ ಬರೆದದ್ದಕ್ಕೆ ಏನು ಹೇಳಲಿ. ನಿಮ್ಮ ಉತ್ತರ ಬಂದ ರಾತ್ರಿಯೇ ಅಮ್ಮನಿಗೂ ಓದಿ ಹೇಳಿದೆ.

ಡಬ್ಬಿ ನೋಡಿದೆ. ಇಲ್ಲಿ ಒಂದಲ್ಲ, ಎರಡು ಡಿಸ್ಕ್ ಇವೆ! ಅಕ್ಕನ ಮಗ ತನ್ನದೇ ಒಂದು ಬೇಕು ಅಂತ ಮಡಗಾಂವಿನ ಹಳೇ ಸಾಮಾನಿನ ಅಂಗಡಿಯಿಂದ ಅದೇ ಗೇಮ್ ತಂದಿದ್ದ. ಚಿತ್ರ ಒಂದೇ, ಹೆಸರು ಒಂದೇ, ಹಾಗಾಗಿ ನನಗೆ ಬೇರೆ ಅಂತ ಅನ್ನಿಸಿಯೇ ಇರಲಿಲ್ಲ. ಹುಡುಗನ ಡಬ್ಬಿಯ ಮೇಲೆ ಬಿಎಲ್‌ಇಎಸ್ ಅಂತ ಶುರುವಾಗ್ತದೆ. ಅಣ್ಣನದು ಟಿವಿ ಸ್ಟ್ಯಾಂಡಿನ ಒಳಗೆ ಬೀಗದಲ್ಲಿತ್ತು, ಅದರ ಮೇಲೆ ಬಿಎಲ್‌ಯುಎಸ್ ಅಂತ ಇದೆ. ಅದನ್ನು ಅವನು ಅಮೆರಿಕದ ಕಡೆ ಹೋದಾಗ ತಂದದ್ದು.

ಹುಡುಗ ತನ್ನ ಹೆಸರಿನಲ್ಲೇ ಆಡಿದ್ದು, ಮಾಮನ ಹೆಸರನ್ನು ಮುಟ್ಟೇ ಇಲ್ಲ ಅಂತ ದೇವರ ಮೇಲೆ ಆಣೆ ಇಟ್ಟು ಹೇಳಿದ. ಅಣ್ಣನಿಗೆ ವಾಟ್ಸಾಪಿನಲ್ಲಿ ಕೇಳಿದೆ, ಹೆಚ್ಚಿನ ಕಾರು ಏನೂ ಕೊಂಡಿಲ್ಲವಂತೆ.

ಗೇಮ್ ಡೇಟಾ ಯುಟಿಲಿಟಿಯಲ್ಲಿ ಆ ಗೇಮಿನ ಚಿತ್ರ ಎರಡು ಸಲ ಕಾಣ್ತದೆ. ಒಂದು ದೊಡ್ಡದು, ಒಂದು ಅದಕ್ಕಿಂತ ಸಣ್ಣದು. ಏನು ಮಾಡಲಿ?

ಹುಲೇಕಲ್ ತೋಟ:

ತಂಗೀ, ನಿಮ್ಮ ಅಣ್ಣನಿಗೆ ಈಗಲೇ ಒಂದು ಮೆಸೇಜ್ ಹಾಕಿ. ಅವನ ಸೀಸನ್ ಎಲ್ಲೂ ಹೋಗಿಲ್ಲ. ಬಹುಶಃ ಅವನ ಗೇಮಿಗೆ ಅಪ್‌ಡೇಟೇ ಬಿದ್ದಿಲ್ಲ.

ಯಾಕೆ ಅಂತ ಹೇಳ್ತೇನೆ. ಆ ನಾಲ್ಕು ಅಕ್ಷರ, ಐದು ಅಂಕಿ ಸೇರಿದ್ದೇ ಆ ಡಿಸ್ಕಿನ ಗುರುತು. ಬಿಎಲ್‌ಯುಎಸ್ ಅಮೆರಿಕದ ಮಾರುಕಟ್ಟೆಗೆ ಬಂದದ್ದು. ಬಿಎಲ್‌ಇಎಸ್ ಯುರೋಪಿನದು, ನಮ್ಮ ದೇಶದ ಅಂಗಡಿಗಳಲ್ಲಿ ಸಿಗುತ್ತಿದ್ದುದೂ ಹೆಚ್ಚಾಗಿ ಅದೇ. ಏಷ್ಯಾದ ಬೇರೆ ಕಡೆ ಬಿಎಲ್‌ಎಎಸ್ ಇರ್ತದೆ. ಪಿಎಸ್3 ಗೇಮ್‌ಗಳಿಗೆ ಸಾಮಾನ್ಯವಾಗಿ ದೇಶದ ಬೀಗ ಇಲ್ಲ, ಯಾವ ಬಂದರಿನಲ್ಲಿ ಕೊಂಡರೂ ಕಾರವಾರದಲ್ಲಿ ಓಡ್ತದೆ. ಆದರೆ ಮೆಷಿನ್ ಲೆಕ್ಕ ಇಡುವುದು ಗೇಮಿನ ಹೆಸರಿನಿಂದಲ್ಲ, ಈ ಗುರುತಿನಿಂದ. ಅದರ ಕಣ್ಣಿಗೆ ನಿಮ್ಮನೆಯ ಎರಡು ಡಿಸ್ಕ್ ಎರಡು ಬೇರೆ ಗೇಮ್. ಬಿಎಲ್‌ಇಎಸ್ ಡಿಸ್ಕಿಗೆ ಬಂದ ಅಪ್‌ಡೇಟ್ ಬಿಎಲ್‌ಇಎಸ್ ಗೇಮಿಗೆ ಮಾತ್ರ, ಅಮೆರಿಕದ ಡಿಸ್ಕಿಗೆ ಅದರ ಸಂಬಂಧವೇ ಇಲ್ಲ. ಸೇವ್‌ಗಳೂ ಹೆಚ್ಚಾಗಿ ಹಾಗೆಯೇ. ಪೆನ್‌ಡ್ರೈವಿಗೆ ಕಾಪಿ ಮಾಡಿ ಕಂಪ್ಯೂಟರಿನಲ್ಲಿ ತೆರೆದು ನೋಡಿ, ‘ಪಿಎಸ್3’ ಅನ್ನುವ ಫೋಲ್ಡರಿನೊಳಗೆ ‘ಸೇವ್‌ಡೇಟಾ’, ಅದರೊಳಗೆ ಪ್ರತಿ ಸೇವಿನ ಹೆಸರೂ ಇದೇ ಗುರುತಿನಿಂದ ಶುರುವಾಗಿರ್ತದೆ. ಅಣ್ಣನ ಸೇವಿನ ಮುಂದೆ ಬಿಎಲ್‌ಯುಎಸ್ ಅಂತ ಕಂಡರೆ ನಿಮಗೂ ಸಮಾಧಾನ.

ಅಂದರೆ ವೀಡಿಯೊ ಕರೆಯಲ್ಲಿ ಅಣ್ಣ ಕಂಡದ್ದು ಹುಡುಗನ ಡಿಸ್ಕ್, ಹುಡುಗನ ಅಪ್‌ಡೇಟ್. ಅವನದ್ದು ಬೀಗದೊಳಗೆ ಇತ್ತಲ್ಲ.

ಈಗ ಎರಡು ಚಿತ್ರದ ಮಾತು. ದೊಡ್ಡದು ಅಪ್‌ಡೇಟ್ ಸೇರಿದ್ದು, ಸಣ್ಣದು ಅಣ್ಣನ ಡಿಸ್ಕಿನಿಂದ ಇಳಿದದ್ದು ಅಂತ ನನ್ನ ಅಂದಾಜು. ಕೆಲವು ಗೇಮ್‌ಗಳು ಒಂದೇ ಡಿಸ್ಕಿಗೆ ಎರಡು ಕಡತ ಮಾಡಿಕೊಳ್ತವೆ, ಹಾಗಾಗಿ ಗಾತ್ರ ನೋಡಿ ನೂರಕ್ಕೆ ನೂರು ಹೇಳಲು ಬರುವುದಿಲ್ಲ. ಆದರೆ ನಿಮ್ಮ ವಿಷಯದಲ್ಲಿ ಹೆದರುವ ಕಾರಣವೇ ಇಲ್ಲ: ಅಣ್ಣ ಹೆಚ್ಚಿನ ಕಾರು ಕೊಂಡಿಲ್ಲ, ಡಿಸ್ಕ್ ಎರಡೂ ಕೈಯಲ್ಲಿವೆ, ಸೇವ್ ಬೇರೆ ಜಾಗದಲ್ಲಿದೆ. ದೊಡ್ಡದನ್ನು ಅಳಿಸಿ. ಒಂದು ವೇಳೆ ಅದು ಅಣ್ಣನದೇ ಆಗಿದ್ದರೂ ಅವನ ಡಿಸ್ಕ್ ಹಾಕಿದಾಗ ಮತ್ತೆ ಇಳೀತದೆ.

ಸೇವ್ ಪ್ರತಿ ಮೊದಲು, ನೆಟ್ ಕಡಿಯುವುದು ಎರಡನೆಯದು, ಡಿಲೀಟ್ ಆಮೇಲೆ. ಈ ಕ್ರಮ ತಪ್ಪಿಸಬೇಡಿ. ಅಳಿಸಿದ ಮೇಲೆ ಅಣ್ಣನ ಹೆಸರಿನಲ್ಲಿ ಲಾಗಿನ್ ಆಗಿ ಅವನ ಡಿಸ್ಕ್ ಹಾಕಿ, ಸೀಸನ್ ತೆರೆದುಕೊಂಡದ್ದು ಕಂಡರೆ ಸಾಕು, ಒಂದು ರೇಸನ್ನೂ ಓಡಿಸಬೇಡಿ. ಇಂಥ ಗೇಮ್‌ಗಳು ತಾವಾಗಿಯೇ ಸೇವ್ ಮಾಡಿಬಿಡ್ತವೆ, ಅಣ್ಣನ ಲೆಕ್ಕದಲ್ಲಿ ನಿಮ್ಮ ಸೋಲು ಸೇರುವುದು ಬೇಡ. ಹಾಗೆಯೇ ಅಣ್ಣನ ಸೇವನ್ನು ಹುಡುಗನ ಹೆಸರಿಗೆ ಕಾಪಿ ಮಾಡುವ ಯೋಚನೆ ಮಾಡಬೇಡಿ. ಬೇರೆ ಬಳಕೆದಾರನ ಸೇವಿನಿಂದ ಆಡಿದರೆ ಗೇಮಿನಲ್ಲಿ ಸಾಧನೆಗೆ ಕೊಡುವ ಟ್ರೋಫಿ ಸಿಗುವುದಿಲ್ಲ, ಕೆಲವು ಗೇಮ್ ತೆರೆಯುವುದೂ ಇಲ್ಲ.

ಹೊನ್ನಾವರ ಶರಾವತಿ:

ನಡುವೆ ಬಾಯಿ ಹಾಕಿದ್ದಕ್ಕೆ ಕ್ಷಮಿಸಿ. ನನ್ನ ಹತ್ತಿರ ಎಕ್ಸ್‌ಬಾಕ್ಸ್ 360 ಇದೆ. ಅದರಲ್ಲಿ ಗೇಮ್ ಅಪ್‌ಡೇಟ್ ತೆಗೆಯುವುದು ಹೇಗೆ? ಅದರಲ್ಲೂ ಗೇಮ್ ಡೇಟಾ ಅಂತ ಇದೆಯಾ?

ಯಲ್ಲಾಪುರ ಘಟ್ಟ:

360ರಲ್ಲಿ ದಾರಿ ಬೇರೆ. ಸಿಸ್ಟಮ್ ಸೆಟ್ಟಿಂಗ್ಸ್, ಅದರೊಳಗೆ ಸ್ಟೋರೇಜ್. ಹಾರ್ಡ್ ಡ್ರೈವ್ ಮೇಲೆ ನಿಂತು, ತೆರೆಯದೆ, ‘ವೈ’ ಬಟನ್ ಒತ್ತಿ. ‘ಕ್ಲಿಯರ್ ಸಿಸ್ಟಮ್ ಕ್ಯಾಶೆ’ ಅಂತ ಬರ್ತದೆ. ಅದನ್ನು ಮಾಡಿದರೆ ಗೇಮ್‌ಗಳ ಅಪ್‌ಡೇಟ್ ಹೋಗ್ತವೆ, ಸೇವ್ ಮತ್ತು ಇಳಿಸಿಕೊಂಡ ಗೇಮ್ ಉಳೀತವೆ. ಆದರೆ ಒಂದೇ ಗೇಮಿಗೆ ಅಂತ ಆರಿಸಲು ಬರುವುದಿಲ್ಲ, ಎಲ್ಲ ಗೇಮ್‌ಗಳದ್ದೂ ಒಟ್ಟಿಗೆ ಹೋಗ್ತದೆ. ಅದೇ ಪಟ್ಟಿಯಲ್ಲಿ ‘ಫಾರ್ಮ್ಯಾಟ್’ ಕೂಡ ಇದೆ, ಕೈ ಜಾರಿ ಅದನ್ನು ಒತ್ತಬೇಡಿ.

ನೆಟ್ ಇದ್ದರೆ ಮುಂದಿನ ಸಲ ಡಿಸ್ಕ್ ಹಾಕಿದಾಗ ಮತ್ತೆ ಕೇಳ್ತದೆ. ಬೇಡ ಅಂದರೆ ಅದರ ಆನ್‌ಲೈನ್ ಸೇವೆಯಾದ ಎಕ್ಸ್‌ಬಾಕ್ಸ್ ಲೈವ್‌ನಿಂದ ಹೊರಗೆ ಹಾಕಿ ಗೇಮ್ ಶುರುಮಾಡ್ತದೆ. 360ರ ಅಂಗಡಿ 2024ರ ಜುಲೈ 29ಕ್ಕೆ ಮುಚ್ಚಿದೆ, ಹೊಸದಾಗಿ ಅಲ್ಲಿ ಏನನ್ನೂ ಕೊಳ್ಳಲು ಬರುವುದಿಲ್ಲ. ಹಾಗಾಗಿ ಒಳಗಿರುವ ಗೇಮ್‌ಗಳನ್ನು ಜೋಪಾನ ಮಾಡಿ.

ಸದಾಶಿವಗಡದವಳು:

ಆಯ್ತು! ಎಲ್ಲ ಆಯ್ತು.

ಮಳೆ ಬಿಟ್ಟ ದಿನ ನೋಡಿ ಮಧ್ಯಾಹ್ನ ಕೂತೆ. ಅಣ್ಣನ ಸೇವ್ ಕಾಪಿ ಮಾಡಲು ಬಿಟ್ಟಿತು. ಪಕ್ಕದ ಮನೆಯ ಲ್ಯಾಪ್‌ಟಾಪಿನಲ್ಲಿ ತೆರೆದು ನೋಡಿದೆ, ನೀವು ಹೇಳಿದ ಹಾಗೆ ಮುಂದೆ ಬಿಎಲ್‌ಯುಎಸ್ ಅಂತಲೇ ಇತ್ತು. ಹುಡುಗನದನ್ನೂ ತೆಗೆದಿಟ್ಟೆ. ನೆಟ್ ಡಿಸೇಬಲ್ ಮಾಡಿ ದೊಡ್ಡದನ್ನು ಅಳಿಸಿದೆ. ಆಮೇಲೆ ಸಿಸ್ಟಮ್ ಇನ್ಫರ್ಮೇಶನ್‌ನಲ್ಲಿ ನೋಡಿದರೆ ಖಾಲಿ ಜಾಗ ಎಷ್ಟೋ ಹೆಚ್ಚಿದೆ. ಜಾಗ ಸಾಲದು ಅಂದಿದ್ದ ಆ ಹೊಸ ಡಿಸ್ಕ್ ಕೂಡ ಈಗ ಇಳೀತು.

ಅಣ್ಣನ ಡಿಸ್ಕ್ ಹಾಕಿದಾಗ ನನ್ನ ಕೈ ನಡುಗ್ತಿತ್ತು. ಅವನ ಸೀಸನ್ ತೆರೆಯಿತು, ಅವನ ನೀಲಿ ಕಾರು ಅಲ್ಲೇ ನಿಂತಿತ್ತು, ಪಟ್ಟಿಯಲ್ಲಿ ಮೂರನೇ ಸ್ಥಾನ. ಫೋಟೋ ತೆಗೆದು ಕಳಿಸಿದೆ. ಅವರ ಹಡಗು ಸಮುದ್ರದ ನಡುವೆ ಇತ್ತು, ನೆಟ್ ಸಿಕ್ಕಿದ ಮೇಲೆ ಉತ್ತರ ಬಂತು: ‘ಚೌತಿಗೆ ಬಂದು ಮುಗಿಸ್ತೇನೆ, ನೀನೂ ಪಕ್ಕ ಕೂತುಕೋ.’

ಹುಡುಗನ ಡಿಸ್ಕ್ ಹಾಕಿಯೂ ನೋಡಿದೆ. ಅವನ ಸೇವ್ ತೆರೆಯಲಿಲ್ಲ, ಆವೃತ್ತಿ ಹೊಂದುವುದಿಲ್ಲ ಅನ್ನುವ ಅರ್ಥದ ಸಂದೇಶ ಬಂತು. ಅವನು ಅಳುಮುಖ ಮಾಡಿದ್ದಾನೆ. ಅವನಿಗಾಗಿ ಅಪ್‌ಡೇಟ್ ಮತ್ತೆ ಹಾಕಬಹುದಾ? ಹಾಕಿದರೆ ಅಣ್ಣನದಕ್ಕೆ ತೊಂದರೆ ಇಲ್ಲ ತಾನೆ? ಮತ್ತೆ ಇನ್ನೊಂದು, ಮೆಷಿನ್ನಿನದೇ ಸಿಸ್ಟಮ್ ಅಪ್‌ಡೇಟ್ ಅಂತ ಒಂದು ಬರ್ತದಲ್ಲ, ಅದನ್ನೂ ಹೀಗೆ ತೆಗೆಯಬೇಕಾ?

ಹುಲೇಕಲ್ ತೋಟ:

ಬಹಳ ಸಂತೋಷ ಆಯ್ತು ತಂಗೀ. ಮೂರನೇ ಸ್ಥಾನ ಅಂದರೆ ನಿಮ್ಮ ಅಣ್ಣ ಚೆನ್ನಾಗಿಯೇ ಓಡಿಸ್ತಾನೆ.

ಹುಡುಗನಿಗೆ ಅಪ್‌ಡೇಟ್ ಮತ್ತೆ ಹಾಕಿಕೊಡಿ, ಅವನು ಅಳುವುದು ಬೇಡ. ಅಣ್ಣನ ಬಿಎಲ್‌ಯುಎಸ್ ಡಿಸ್ಕಿಗೆ ಅದು ತಾಗುವುದಿಲ್ಲ ಅಂತ ಈಗ ನಿಮಗೇ ಗೊತ್ತಾಗಿದೆ. ಮೆಷಿನ್ನಿನಲ್ಲಿ ಬಿಎಲ್‌ಇಎಸ್ ಡಿಸ್ಕ್ ಇದೆ ಅಂತ ನೋಡಿಕೊಂಡೇ ನೆಟ್ ಹಾಕಿ, ಅಪ್‌ಡೇಟ್ ಮುಗಿದ ಕೂಡಲೇ ಮತ್ತೆ ಡಿಸೇಬಲ್ ಮಾಡಿ. ಅಣ್ಣನ ಡಿಸ್ಕ್ ಒಳಗಿರುವಾಗ ನೆಟ್ ಹಾಕಲೇಬೇಡಿ. ಜಾಗದ ಬಗ್ಗೆ ಮಾತ್ರ ಯೋಚಿಸಿ. ಅಪ್‌ಡೇಟ್ ಮೊದಲು ಫೈಲಾಗಿ ಇಳಿದು ಆಮೇಲೆ ಬಿಚ್ಚಿಕೊಳ್ತದೆ, ಹಾಗಾಗಿ ಅದರ ಗಾತ್ರಕ್ಕಿಂತ ಹೆಚ್ಚು ಜಾಗ ಖಾಲಿ ಇರಬೇಕು. ಹೊಸ ಗೇಮ್ ಬೇರೆ ಇಳಿದಿದೆ ಅಂದಿರಿ.

12 ಜಿಬಿ ಮೆಷಿನ್ನಿಗೆ ಇದು ತಪ್ಪದ ಸಮಸ್ಯೆ. ನಿಮ್ಮದು ಮೇಲಿನ ಮುಚ್ಚಳ ಕೈಯಿಂದ ಸರಿಸಿ ಡಿಸ್ಕ್ ಹಾಕುವಂಥದ್ದೇ ಇರಬೇಕು, 2012ರಲ್ಲಿ ಬಂದ ಮಾದರಿ. ಅದರಲ್ಲಿ ಹಾರ್ಡ್ ಡಿಸ್ಕ್ ಇಲ್ಲ, ಆದರೆ ಹಾಕಲು ಜಾಗ ಬಿಟ್ಟಿದ್ದಾರೆ. ಹಳೇ ಲ್ಯಾಪ್‌ಟಾಪಿನಲ್ಲಿ ಇರುವಂಥ 2.5 ಇಂಚಿನ ಸಾಟಾ ಡಿಸ್ಕ್ ಸಾಕು, ಅದನ್ನು ಕೂರಿಸಲು ಒಂದು ಸಣ್ಣ ಚೌಕಟ್ಟು ಬೇರೆ ತರಿಸಬೇಕು. ಹಾಕಿದಾಗ ಪಿಎಸ್3 ಆ ಡಿಸ್ಕನ್ನು ಪೂರ್ತಿ ಫಾರ್ಮ್ಯಾಟ್ ಮಾಡ್ತದೆ, ಅದರಲ್ಲಿ ನಿಮಗೆ ಬೇಕಾದ ಫೋಟೋ ಗೀಟೋ ಇದ್ದರೆ ಮೊದಲೇ ತೆಗೆದಿಡಿ. ಈ ಕೆಲಸ ಅಣ್ಣ ಬಂದ ಮೇಲೆ ಅವನೇ ಮಾಡಲಿ. ಇಂಜಿನ್ ರೂಮಿನವನಿಗೆ ಇದೇನು ಭಾರ.

ಸಿಸ್ಟಮ್ ಅಪ್‌ಡೇಟ್ ಬೇರೆಯೇ ಜಾತಿ. ಅದು ಗೇಮಿನದ್ದಲ್ಲ, ಮೆಷಿನ್ನಿನ ಮೂಲ ಸಾಫ್ಟ್‌ವೇರು. ಅದನ್ನು ಗೇಮ್ ಅಪ್‌ಡೇಟಿನ ಹಾಗೆ ಅಳಿಸಿ ಹಿಂದಿನದಕ್ಕೆ ಹೋಗಲು ಬರುವುದಿಲ್ಲ, ಹೋಗುವ ಅಗತ್ಯವೂ ನಿಮಗಿಲ್ಲ. 2023ರ 4.90, 2024ರ 4.91 ಎರಡೂ ಬಂದದ್ದು ಬ್ಲೂ-ರೇ ಸಿನಿಮಾ ನೋಡಲು ಬೇಕಾದ ಕೀಲಿ ಹೊಸದು ಮಾಡಲಿಕ್ಕೆ. ನಿಮ್ಮ ಮನೆಯಲ್ಲಿ ಬ್ಲೂ-ರೇ ಸಿನಿಮಾ ನೋಡುವವರು ಇಲ್ಲದಿದ್ದರೆ ಅವಸರ ಬೇಡ. ಯಾವುದಾದರೂ ಗೇಮ್ ಡಿಸ್ಕ್ ತನಗೆ ಹೊಸ ಸಿಸ್ಟಮ್ ಬೇಕು ಅಂತ ಹಟ ಮಾಡಿದರೆ, ಬೇಕಾದ ಫೈಲು ಆ ಡಿಸ್ಕಿನಲ್ಲೇ ಇರ್ತದೆ, ನೆಟ್ ಇಲ್ಲದೆಯೂ ಹಾಕಬಹುದು. ಹಾಕುವಾಗ ಕರೆಂಟ್ ಹೋಗಬಾರದು ಅಷ್ಟೇ. ಇನ್ವರ್ಟರ್ ಇದ್ದರೆ ಅದರ ಮೇಲೆ ಹಾಕಿ ಮಾಡಿ.

ಆ ಪೆನ್‌ಡ್ರೈವ್ ಅಳಿಸಿ ಬೇರೆ ಕೆಲಸಕ್ಕೆ ತೆಗೆದುಕೊಳ್ಳಬೇಡಿ. ಅಣ್ಣ ಚೌತಿಯಲ್ಲಿ ಆಡಿ ಹಡಗಿಗೆ ಹೊರಟ ಮೇಲೆ ಸೇವನ್ನು ಮತ್ತೊಮ್ಮೆ ಅದಕ್ಕೇ ಕಾಪಿ ಮಾಡಿಕೊಳ್ಳಿ. ನಿಮ್ಮ ಕಡೆ ಸಮುದ್ರದ ಗಾಳಿಗೆ ಪೆನ್‌ಡ್ರೈವಿನ ಮೂತಿ ಬೇಗ ಕಿಲುಬು ಹಿಡೀತದೆ, ಮುಚ್ಚಳ ಹಾಕಿ ಡಬ್ಬಿಯಲ್ಲಿಡಿ.

ಸದಾಶಿವಗಡದವಳು:

ಹಾಗೇ ಮಾಡ್ತೇನೆ ಅಣ್ಣಾ. ಹುಡುಗನ ಅಪ್‌ಡೇಟ್ ಈಗ ಇಳೀತಾ ಇದೆ, ಬಿಎಲ್‌ಇಎಸ್ ಡಿಸ್ಕೇ ಒಳಗಿದೆ ಅಂತ ನೋಡಿಕೊಂಡೇ ಹಾಕಿದ್ದೇನೆ. ಎರಡು ಡಬ್ಬಿಗಳ ಮೇಲೂ ಸ್ಕೆಚ್ ಪೆನ್ನಿನಲ್ಲಿ ಹೆಸರು ಬರೆದಿಟ್ಟಿದ್ದೇನೆ, ಒಂದರ ಮೇಲೆ ಅಣ್ಣನದು, ಒಂದರ ಮೇಲೆ ಹುಡುಗನದು. ಕುಮಟಾದವರಿಗೂ, ಹೊನ್ನಾವರ ಯಲ್ಲಾಪುರದವರಿಗೂ ನಮಸ್ಕಾರ. ಸಿರ್ಸಿ ಕಡೆ ಬಂದಾಗ ನಿಮ್ಮ ಜಗಲಿಗೆ ಬಂದು ಹೋಗ್ತೇವೆ.